ಚಾರ್ಜ್: ಹೊಲದ ಮೇಲೆ ಯಾರ ಆರೋಪ?

ಗೆಳೆಯರೆ,

ಹೋದ ವಾರ ಧಾರವಾಡದ ನಮ್ಮ ಓಣಿಯ ಹಿರಿಯರೊಬ್ಬರು ಸಾಲದ ಕರಾರುಪತ್ರ ಹಿಡಿದು ಮನೆಗೆ ಬಂದರು. ಅವರ ಹೊಲ ಬೈಲಹೊಂಗಲದ ಕಡೆ ಇದೆ. ಕರಾರಿನ ಮೂಲ ಇಂಗ್ಲಿಷಿನಲ್ಲಿತ್ತು, ಜೊತೆಗೆ ಯಂತ್ರದಿಂದ ಮಾಡಿಸಿದ ಕನ್ನಡ ಅನುವಾದವನ್ನು ಹೊಲಿದಿದ್ದರು. ಅದರ ಒಂದು ಸಾಲು ಹೀಗಿತ್ತು: ‘ಸದರಿ ಆಸ್ತಿಯ ಮೇಲೆ ಬ್ಯಾಂಕಿನ ಮೊದಲ ಆರೋಪ ಇರತಕ್ಕದ್ದು.’ ಅದರ ಕೆಳಗೆ ಇನ್ನೊಂದು: ‘ಬ್ಯಾಂಕಿನ ಎಲ್ಲ ಆರೋಪಗಳನ್ನು ಸಾಲಗಾರರೇ ಭರಿಸತಕ್ಕದ್ದು.’

‘ತಮ್ಮಾ, ನನ್ನ ಮೇಲೆ ಆರೋಪ ಮಾಡಲಿ, ಬೇಡ ಎನ್ನುವುದಿಲ್ಲ. ಹೊಲ ಏನು ತಪ್ಪು ಮಾಡಿದೆ?’ ಎಂದು ಕೇಳಿದರು ಕಾಕಾ. ಮುಖದಲ್ಲಿ ನಗೆ ಇರಲಿಲ್ಲ.

ಮೂಲ ತೆಗೆದು ನೋಡಿದರೆ ಎರಡೂ ಕಡೆ ಇದ್ದದ್ದು ‘ಚಾರ್ಜ್’ ಎಂಬ ಒಂದೇ ಪದ. ಮೊದಲ ಸಾಲಿನಲ್ಲಿ ಅದು ಆಸ್ತಿಯ ಮೇಲೆ ಸಾಲಕ್ಕಿರುವ ಹಿಡಿತ, ಎರಡನೆಯದರಲ್ಲಿ ಸೇವಾಶುಲ್ಕ. ಅನುವಾದ ಮಾಡಿದ ಯಂತ್ರಕ್ಕೆ ಪೊಲೀಸ್ ಠಾಣೆಯ ಅರ್ಥವೊಂದೇ ಗೊತ್ತಿತ್ತೆಂದು ಕಾಣುತ್ತದೆ. ಕಾಕಾ ಅವರಿಗೆ ವಿವರಿಸಿ ಕಳುಹಿಸಿದೆ, ಆದರೆ ಆ ಪದ ಮಾತ್ರ ನನ್ನನ್ನು ಬಿಡಲಿಲ್ಲ. ಸೆಟ್, ರನ್, ಗೆಟ್ ಇವುಗಳಿಗೆ ನಿಘಂಟುಗಳಲ್ಲಿ ಪುಟಗಟ್ಟಲೆ ಅರ್ಥಗಳಿವೆ ನಿಜ. ಆದರೆ ಕನ್ನಡದ ದಿನನಿತ್ಯದ ಮಾತಿನೊಳಗೆ ಇಷ್ಟೊಂದು ಬೇರೆ ಬೇರೆ ಬಾಗಿಲುಗಳಿಂದ ಒಳಬಂದು ಕುಳಿತ ಇಂಗ್ಲಿಷ್ ಪದ ‘ಚಾರ್ಜ್’ ಎಂದು ನನ್ನ ಅಂದಾಜು. ಬಸ್ ಚಾರ್ಜು, ಮೊಬೈಲ್ ಚಾರ್ಜು, ಲಾಠಿ ಚಾರ್ಜು, ಚಾರ್ಜ್‌ಶೀಟು, ಇನ್‌ಚಾರ್ಜು, ಡಿಸ್ಚಾರ್ಜು. ಅಂಗಡಿಯ ಬೋರ್ಡುಗಳಲ್ಲಿ ‘ಛಾರ್ಜ್’ ಎಂದು ಮಹಾಪ್ರಾಣವನ್ನೂ ಪಡೆದಿದೆ, ಅದೇಕೋ ನನಗೆ ತಿಳಿಯದು.

ಇವೆಲ್ಲವೂ ಹುಟ್ಟಿದ್ದು ಒಂದು ಗಾಡಿಯಿಂದ. ಲ್ಯಾಟಿನ್ನಿನಲ್ಲಿ ‘ಕಾರ್ರುಸ್’ ಎಂದರೆ ಸಾಮಾನು ಸಾಗಿಸುವ ಬಂಡಿ, ರೋಮನ್ನರು ಅದನ್ನು ಗಾಲ್ ಜನರಿಂದ ಪಡೆದ ಪದ. ಅದರಿಂದ ಬಂಡಿಗೆ ಸಾಮಾನು ಹೇರುವುದು ಎಂಬ ಅರ್ಥದ ‘ಕಾರ್ರಿಕಾರೆ’ ಹುಟ್ಟಿತು. ಅದು ಹಳೆಯ ಫ್ರೆಂಚಿನಲ್ಲಿ ರೂಪ ಬದಲಿಸಿ ಇಂಗ್ಲಿಷಿಗೆ ‘ಚಾರ್ಜ್’ ಆಗಿ ಬಂತು. ಮನೆ ಮುಂದೆ ನಿಲ್ಲಿಸುವ ಕಾರು, ಹಡಗಿನ ಕಾರ್ಗೊ, ರೈಲಿನ ಕ್ಯಾರೇಜ್ ಎಲ್ಲವೂ ಇದರ ದಾಯಾದಿಗಳೇ. ವ್ಯಂಗ್ಯಚಿತ್ರಕ್ಕೆ ಹೇಳುವ ‘ಕ್ಯಾರಿಕೇಚರ್’ ಕೂಡ ಈ ಮನೆತನದ್ದೇ: ಮೂಗಿನ ಮೇಲೆ ಇರುವುದಕ್ಕಿಂತ ಹೆಚ್ಚು ಹೇರಿದ ಚಿತ್ರ.

ಹೀಗಾಗಿ ಚಾರ್ಜ್ ಎಂದರೆ ಮೂಲದಲ್ಲಿ ಹೊರೆ. ಕೆಲಸದ ಹೊರೆ ಕೊಟ್ಟರೆ ಅದು ಹೊಣೆ, ತಪ್ಪಿನ ಹೊರೆ ಹೊರಿಸಿದರೆ ಆಪಾದನೆ, ಹಣದ ಹೊರೆಯಾದರೆ ಶುಲ್ಕ. ಕೋವಿಗೆ ತುಂಬಿದ ಮದ್ದೂ ಹೊರೆಯೇ. ಆಸ್ಪತ್ರೆಯಿಂದ ಡಿಸ್ಚಾರ್ಜ್ ಆಗುವುದೆಂದರೆ ಹೊರೆ ಇಳಿಸಿದಂತೆ. ಇಳಿಯುವುದು ರೋಗಿಯ ಹೊರೆಯೋ ಆಸ್ಪತ್ರೆಯ ಹೊರೆಯೋ ಎಂಬುದು ಬಿಲ್ಲು ನೋಡಿದ ಮೇಲೆ ತೀರ್ಮಾನಿಸಬೇಕಾದ ಮಾತು. ಅಣೆಕಟ್ಟೆಯ ಡಿಸ್ಚಾರ್ಜಿಗೆ ಮಾತ್ರ ನಮ್ಮ ಪತ್ರಿಕೆಗಳು ‘ಹೊರಹರಿವು’ ಎಂಬ ಚೆಂದದ ಪದವನ್ನು ನೆಲೆಗೊಳಿಸಿವೆ. ಮಳೆಗಾಲದಲ್ಲಿ ಕೆ.ಆರ್.ಎಸ್.ನ ಒಳಹರಿವು, ಹೊರಹರಿವು ಎಷ್ಟು ಕ್ಯೂಸೆಕ್ ಎಂದು ಮಂಡ್ಯದ ಚಿಕ್ಕ ಹುಡುಗರೂ ಮಾತಾಡಿಕೊಳ್ಳುತ್ತಾರೆ.

ಇಷ್ಟು ಇಂಗ್ಲಿಷಿನ ಕಥೆ. ನನಗೆ ಸೋಜಿಗವಾದದ್ದು ಕನ್ನಡದ ಕಡೆಗೆ ತಿರುಗಿದಾಗ. ಚಾರ್ಜ್‌ಗೆ ಸಮನಾಗಿ ನಾವು ಬಳಸುವ ಪದಗಳು ಒಂದಕ್ಕೊಂದು ಸಂಬಂಧವೇ ಇಲ್ಲದವೆಂದು ತಿಳಿದಿದ್ದೆ. ಕೆದಕಿ ನೋಡಿದರೆ ಅವುಗಳ ಬುಡದಲ್ಲೂ ಒಂದು ಗಾಡಿ ನಿಂತಿದೆ.

ಅಧಿಕಾರಿಯೊಬ್ಬರು ಚಾರ್ಜ್ ತೆಗೆದುಕೊಂಡರೆ ‘ಅಧಿಕಾರ ವಹಿಸಿಕೊಂಡರು’ ಎನ್ನುತ್ತೇವೆ. ವಹಿಸು ಎಂಬುದು ಸಂಸ್ಕೃತದ ‘ವಹ್’ ಧಾತುವಿನಿಂದ ಬಂದದ್ದು, ಅರ್ಥ ಹೊತ್ತು ಸಾಗಿಸು. ಅದೇ ಧಾತುವಿನ ಇನ್ನೊಂದು ಮಗು ‘ವಾಹನ’. ಅಂದರೆ ಇಂಗ್ಲಿಷಿನಲ್ಲಿ ಕಾರಿಗೂ ಚಾರ್ಜಿಗೂ ಯಾವ ನಂಟೋ ನಮ್ಮಲ್ಲಿ ವಾಹನಕ್ಕೂ ವಹಿಸುವುದಕ್ಕೂ ಅದೇ ನಂಟು. ಹೆಚ್ಚುವರಿ ‘ಪ್ರಭಾರ’ದಲ್ಲಿ ಭಾರ ಕಣ್ಣಿಗೇ ಕಾಣುತ್ತದೆ. ಆರೋಪವನ್ನು ನಾವು ‘ಹೊರಿಸುತ್ತೇವೆ’. ‘ಆರೋಪ’ ಎಂಬುದಕ್ಕೇ ಏರಿಸುವುದು, ಮೇಲಿಡುವುದು ಎಂಬ ಅರ್ಥವಿದೆ, ಆರೋಹಣದ ಒಡಹುಟ್ಟು ಅದು. ಇನ್ನು ಅಚ್ಚಕನ್ನಡದ ಹೊರು, ಹೇರು ಹಳಗನ್ನಡದಲ್ಲಿ ಪೊಱು, ಪೇಱು ಆಗಿದ್ದವು. ಈ ಪೊಱುವಿನ ನಂಟಸ್ತಿಕೆಯಿಂದಲೇ ತಮಿಳಿನಲ್ಲಿ ಹೊಣೆಗಾರಿಕೆಗೆ ‘ಪೊಱುಪ್ಪು’ ಎನ್ನುತ್ತಾರೆ. ಎಪಿಎಂಸಿ ಅಂಗಳದಲ್ಲಿ ಮೂಟೆ ಹೊರುವವರೂ ಹಮಾಲಿ, ಅವರಿಗೆ ಕೊಡುವ ಕೂಲಿಯೂ ಹಮಾಲಿ. ಆ ಪದ ಅರಬ್ಬಿಯಲ್ಲಿ ಹೊರುವುದು ಎಂಬ ಮೂಲದಿಂದಲೇ ಹೊರಟದ್ದು. ‘ಹಮಾಲಿ ಚಾರ್ಜ್’ ಎಂದು ರಸೀದಿಯಲ್ಲಿ ಬರೆದಾಗ ಹೊರೆಯ ಮೇಲೆ ಇನ್ನೊಂದು ಹೊರೆ ಇಟ್ಟ ಹಾಗೆ.

ಚಾರ್ಜ್ ವಹಿಸುವುದು ಹೊರೆಯೆಂಬುದನ್ನು ನಾನು ಕಣ್ಣಾರೆ ಕಂಡದ್ದು ಚಿಕ್ಕವನಿದ್ದಾಗ. ನನ್ನ ತಂದೆ ತುಮಕೂರು ಜಿಲ್ಲೆಯ ಹಳ್ಳಿಯೊಂದರ ಶಾಲೆಯಲ್ಲಿ ಮುಖ್ಯೋಪಾಧ್ಯಾಯರಾಗಿದ್ದರು. ವರ್ಗವಾದಾಗ ಹೊಸಬರಿಗೆ ‘ಚಾರ್ಜ್ ಕೊಡಬೇಕು’ ಎಂದು ನನ್ನನ್ನೂ ಕರೆದುಕೊಂಡು ಹೋದರು. ಭಾಷಣ, ಹಾರ ಇರುತ್ತದೆ ಎಂದುಕೊಂಡಿದ್ದೆ. ಇಬ್ಬರೂ ದಾಸ್ತಾನು ಪುಸ್ತಕ ಮುಂದಿಟ್ಟುಕೊಂಡು ನೆಲದ ಮೇಲೆ ಕುಳಿತು ಎಣಿಸತೊಡಗಿದರು. ಬೆಂಚು, ಕರಿಹಲಗೆ, ಹಿತ್ತಾಳೆ ಗಂಟೆ, ಅದಕ್ಕೆ ಹೊಡೆಯುವ ಸುತ್ತಿಗೆ, ತಕ್ಕಡಿ, ಬೀಗದ ಕೈಗಳ ಗೊಂಚಲು. ಭೂಪಟ ನಾಲ್ಕು ಎಂದು ಬರೆದಿತ್ತು, ಸಿಕ್ಕಿದ್ದು ಮೂರು. ನಾಲ್ಕನೆಯದು ಬೀರುವಿನ ಹಿಂದೆ ಇತ್ತು, ಗೆದ್ದಲು ಏಷ್ಯಾ ಖಂಡವನ್ನೆಲ್ಲ ತಿಂದು ಮೇಲಿನ ಕೆಳಗಿನ ಎರಡು ಕೋಲುಗಳನ್ನು ಮಾತ್ರ ಉಳಿಸಿತ್ತು. ಹೊಸ ಮೇಷ್ಟ್ರು ಆ ಕೋಲುಗಳನ್ನು ತಿರುಗಿಸಿ ತಿರುಗಿಸಿ ನೋಡಿ, ‘ಇರಲಿ ಬಿಡಿ ಸಾರ್’ ಎಂದು ನಾಲ್ಕು ಎಂಬುದರ ಮುಂದೆ ಗುರುತು ಹಾಕಿದರು. ಸಹಿಯಾದ ಮೇಲೆ ಬೀಗದ ಕೈ ಕೈಬದಲಾಯಿತು. ಹಿಂತಿರುಗುವಾಗ ತಂದೆ ಸೈಕಲ್ಲನ್ನು ಎಂದಿಗಿಂತ ಜೋರಾಗಿ ತುಳಿದರು.

ಇಲ್ಲಿ ಕನ್ನಡ ಇಂಗ್ಲಿಷಿಗಿಂತ ಒಂದು ಹೆಜ್ಜೆ ಮುಂದಿದೆ. ಇಂಗ್ಲಿಷಿಗೆ ಇನ್‌ಚಾರ್ಜ್ ಒಂದೇ. ನಾವು ಅದನ್ನು ಎರಡು ಮಾಡಿದ್ದೇವೆ. ‘ಪ್ರಭಾರ ಪ್ರಾಂಶುಪಾಲರು’ ಎಂದರೆ ಕಾಯಂ ಪ್ರಾಂಶುಪಾಲರು ಇನ್ನೂ ಬಂದಿಲ್ಲ ಎಂದು ಯಾರಿಗಾದರೂ ಅರ್ಥವಾಗುತ್ತದೆ. ‘ಜಿಲ್ಲಾ ಉಸ್ತುವಾರಿ ಸಚಿವರು’ ಎಂದರೆ ಮೇಲ್ವಿಚಾರಣೆ ಅವರದು ಎಂದಷ್ಟೇ. ಇವೆರಡನ್ನು ಅದಲುಬದಲು ಮಾಡಿದರೆ ಸಚಿವರು ಬೇಸರಿಸಿಕೊಳ್ಳುತ್ತಾರೆ. ಮಗುವನ್ನೋ ಹೆಣ್ಣನ್ನೋ ಯಾರದಾದರೂ ಚಾರ್ಜಿನಲ್ಲಿ ಬಿಡುವುದಕ್ಕಂತೂ ನಮ್ಮಲ್ಲಿ ಕಚೇರಿಯ ಪದವೇ ಬೇಡ, ಮದುವೆ ಮನೆಯಲ್ಲಿ ‘ಹೆಣ್ಣು ಒಪ್ಪಿಸುವ’ ಶಾಸ್ತ್ರವೇ ಇದೆ. ಪಾಠವನ್ನೂ ಒಪ್ಪಿಸುತ್ತೇವೆ, ಮಗಳನ್ನೂ ಒಪ್ಪಿಸುತ್ತೇವೆ.

ಪತ್ರಿಕೆಯವರು ಎಡವುವುದು ಕಾನೂನಿನ ಚಾರ್ಜಿನಲ್ಲಿ. ತನಿಖೆ ಮುಗಿಸಿ ಪೊಲೀಸರು ನ್ಯಾಯಾಲಯಕ್ಕೆ ಕೊಡುವುದು ವರದಿ. ಹಿಂದೆ ದಂಡ ಪ್ರಕ್ರಿಯಾ ಸಂಹಿತೆಯ 173ನೆಯ ಕಲಂ, 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 193ನೆಯದು. ಇದಕ್ಕೇ ರೂಢಿಯಲ್ಲಿ ಚಾರ್ಜ್‌ಶೀಟ್, ‘ದೋಷಾರೋಪ ಪಟ್ಟಿ’ ಎನ್ನುತ್ತಾರೆ. ಅದನ್ನು ಓದಿ, ಎರಡೂ ಕಡೆಯವರನ್ನು ಕೇಳಿ, ವಿಚಾರಣೆಗೆ ಆಧಾರವಿದೆ ಎನ್ನಿಸಿದರೆ ನ್ಯಾಯಾಧೀಶರು ನಿಗದಿ ಮಾಡುವುದು ನಿಜವಾದ ‘ಚಾರ್ಜ್’. ಆಧಾರವಿಲ್ಲವೆನಿಸಿದರೆ ಆ ಹಂತದಲ್ಲೇ ಡಿಸ್ಚಾರ್ಜ್. ಇದು ವಿಚಾರಣೆ ಮುಗಿದ ಮೇಲಿನ ‘ಖುಲಾಸೆ’ ಅಲ್ಲ. ಪತ್ರಿಕೆಗಳಲ್ಲಿ ಎರಡಕ್ಕೂ ಖುಲಾಸೆ ಎಂದೇ ಅಚ್ಚಾಗುವುದನ್ನು ನೋಡಿದ್ದೇನೆ. ಹೊರೆಯನ್ನು ತಲೆಯ ಮೇಲೆ ಇಡುವ ಮೊದಲೇ ಕಳುಹಿಸುವುದು ಬೇರೆ, ಇಟ್ಟು ನಡೆಸಿ ಆಮೇಲೆ ಇಳಿಸುವುದು ಬೇರೆ.

ದುಡ್ಡಿನ ವಿಚಾರಕ್ಕೆ ಬಂದರೆ ಕ್ರಿಯಾಪದಗಳ ಆಟ ನೋಡಬೇಕು. ಇಂಗ್ಲಿಷಿನವನು ಎಲ್ಲರೂ ಎಲ್ಲವನ್ನೂ ‘ಚಾರ್ಜ್ ಮಾಡುತ್ತಾರೆ’ ಎಂದು ಮುಗಿಸುತ್ತಾನೆ. ನಮ್ಮಲ್ಲಿ ಸರ್ಕಾರದ ಪ್ರಕಟಣೆ ತೆರಿಗೆಯನ್ನು ‘ವಿಧಿಸುತ್ತದೆ’, ವಿರೋಧ ಪಕ್ಷದ ಹೇಳಿಕೆಯಲ್ಲಿ ಅದೇ ತೆರಿಗೆಯನ್ನು ‘ಹೇರಲಾಗುತ್ತದೆ’, ಜನರ ಬಾಯಲ್ಲಿ ‘ಹಾಕಿದ್ದಾರೆ’. ಸುದ್ದಿಯಲ್ಲಿ ಯಾವ ಕ್ರಿಯಾಪದ ಬಂದಿದೆ ಎಂದು ನೋಡಿದರೆ ಸಾಕು, ಬರೆದವರು ಯಾವ ಕಡೆ ಕುಳಿತಿದ್ದಾರೆಂದು ಗೊತ್ತಾಗುತ್ತದೆ. ಕೈಕೆಲಸದವರ ಹತ್ತಿರ ‘ಎಷ್ಟು ಚಾರ್ಜ್ ಮಾಡುತ್ತೀರಿ?’ ಎಂದು ಕೇಳುವುದು ನನಗೆ ಒರಟಾಗಿ ಕೇಳಿಸುತ್ತದೆ. ‘ಎಷ್ಟಾಯಿತು?’ ಎಂಬುದರಲ್ಲಿ ಯಾರೂ ಯಾರ ಮೇಲೂ ಏನನ್ನೂ ಹೇರುವುದಿಲ್ಲ, ಅದು ತಾನಾಗಿ ಆಗುತ್ತದೆ.

ಮೊಬೈಲಿನ ಚಾರ್ಜಿಗೆ ಕನ್ನಡ ಪದ ಬೇಕೇ ಎಂದು ಆಗಾಗ ಯಾರಾದರೂ ಕೇಳುತ್ತಾರೆ. ಬೇಡ ಎಂಬುದು ನನ್ನ ಪಕ್ಷ. ‘ಇಸ್ತ್ರಿಗೆ ಹಾಕು’, ‘ರಿಪೇರಿಗೆ ಹಾಕು’ ಎನ್ನುವ ಜಾಡಿನಲ್ಲೇ ‘ಚಾರ್ಜಿಗೆ ಹಾಕು’ ಎಂದು ನಾವು ಅದಕ್ಕೆ ಚತುರ್ಥಿ ತೊಡಿಸಿ ಮನೆಯವನನ್ನಾಗಿ ಮಾಡಿಕೊಂಡಾಗಿದೆ. ರೀಚಾರ್ಜ್ ಎಂಬುದನ್ನು ಜನ ಪಕ್ಕಕ್ಕಿಟ್ಟು ‘ಕರೆನ್ಸಿ ಹಾಕಿಸು’ ಎಂದದ್ದಂತೂ ಇಂಗ್ಲಿಷಿನವರಿಗೂ ಹೊಳೆಯದ ಬಳಕೆ. ‘ಚಾರ್ಜ್ ಇದೆ, ಕರೆನ್ಸಿ ಇಲ್ಲ’ ಎಂದರೆ ಕರ್ನಾಟಕದ ಹೊರಗೆ ಯಾರಿಗೆ ತಿಳಿಯಬೇಕು? ಪಠ್ಯಪುಸ್ತಕದಲ್ಲಿ ಮಾತ್ರ ಇದು ‘ವಿದ್ಯುದಾವೇಶ’. ಮೊದಲ ಸಲ ಓದಿದಾಗ ಮೈಮೇಲೆ ದೇವರು ಬಂದದ್ದು ನೆನಪಾಗಿ ತರಗತಿಯಲ್ಲಿ ನಕ್ಕಿದ್ದೆ, ಪೆಟ್ಟನ್ನೂ ತಿಂದಿದ್ದೆ. ಈಗ ಅನ್ನಿಸುತ್ತದೆ, ಪದ ಕಟ್ಟಿದವರು ಪೆದ್ದರಲ್ಲ. ಆವೇಶ ಎಂದರೆ ಒಳಹೊಗುವುದು, ಹೊರಗಿನದೊಂದು ಬಂದು ಸೇರುವುದು. ಇಂಗ್ಲಿಷಿನಲ್ಲಿ ವಿದ್ಯುತ್ತಿಗೆ ಚಾರ್ಜ್ ಎಂಬ ಮಾತನ್ನು ಬೆಂಜಮಿನ್ ಫ್ರಾಂಕ್ಲಿನ್ 1740ರ ದಶಕದಲ್ಲಿ ಲೇಡನ್ ಜಾಡಿಗಳೊಡನೆ (ವಿದ್ಯುತ್ತನ್ನು ಹಿಡಿದಿಡುವ ಗಾಜಿನ ಜಾಡಿಗಳು) ಪ್ರಯೋಗ ಮಾಡುತ್ತ ಬಳಸಿದ, ಕೋವಿಗೆ ಮದ್ದು ತುಂಬಿದಂತೆ ಜಾಡಿಗೆ ವಿದ್ಯುತ್ ತುಂಬುವುದು. ಫಿರಂಗಿಗಳ ಸಾಲಿಗೆ ಹೇಳುತ್ತಿದ್ದ ‘ಬ್ಯಾಟರಿ’ ಎಂಬ ಪದವನ್ನೂ ಆತನೇ ಜಾಡಿಗಳ ಸಾಲಿಗೆ ಕೊಟ್ಟ. ಅಂದ ಹಾಗೆ, 5,000 ಮಿಲಿಆಂಪಿಯರ್ ಅವರ್‌ನ ಮೊಬೈಲ್ ಬ್ಯಾಟರಿಯಿಂದ ಒಟ್ಟು 18,000 ಕೂಲಂಬ್ (ಆವೇಶವನ್ನು ಅಳೆಯುವ ಮಾನ) ವಿದ್ಯುದಾವೇಶ ಹರಿಯುತ್ತದೆ. ಆದರೆ ಒಂದು ಕೊನೆಯಿಂದ ಹೊರಟಷ್ಟೇ ಇನ್ನೊಂದು ಕೊನೆಗೆ ಮರಳುವುದರಿಂದ ಬ್ಯಾಟರಿಯ ಒಟ್ಟು ಆವೇಶ ಸೊನ್ನೆಯೇ. ನಾವು ರಾತ್ರಿಯೆಲ್ಲ ತುಂಬಿಸುವುದು ಶಕ್ತಿಯನ್ನು. ಚಾರ್ಜ್ ಆಗಿದೆ ಎನ್ನುವುದು ವಿಜ್ಞಾನದ ಲೆಕ್ಕದಲ್ಲಿ ತಪ್ಪು, ಆದರೆ ಜಗತ್ತೆಲ್ಲ ಆಡುವ ತಪ್ಪು.

ಮೇಲೆರಗುವ ಚಾರ್ಜಿಗೆ ನಮ್ಮ ‘ಲಗ್ಗೆ’ ಚೆನ್ನಾಗಿ ಹೊಂದುತ್ತದೆ. ಮೊದಲ ಮಹಾಯುದ್ಧದಲ್ಲಿ, 1918ರ ಸೆಪ್ಟೆಂಬರ್ 23ರಂದು, ಇಂದಿನ ಇಸ್ರೇಲಿನಲ್ಲಿರುವ ಹೈಫಾ ಪಟ್ಟಣವನ್ನು ಗೆದ್ದ ಕುದುರೆ ಚಾರ್ಜಿನಲ್ಲಿ ಜೋಧಪುರದವರ ಜೊತೆ ಮೈಸೂರು ಲ್ಯಾನ್ಸರ್ಸ್ ಪಡೆಯೂ ಇತ್ತು. ಆ ಪಡೆಯ ಸ್ಮಾರಕ ಬೆಂಗಳೂರಿನ ಜೆ.ಸಿ. ನಗರದಲ್ಲಿದೆ. ಅಲ್ಲಿ ‘ಲಗ್ಗೆ’ ಎನ್ನಬಹುದು, ಪೊಲೀಸರ ಲಾಠಿಗೆ ಹಾಗೆನ್ನಲು ಬಾರದು. ‘ಲಾಠಿ ಪ್ರಹಾರ’ ನಿಂತಿದೆ, ‘ಲಘು ಲಾಠಿ ಪ್ರಹಾರ’ವೂ ನಿಂತಿದೆ. ಲಘುವೋ ಗುರುವೋ ಎಂದು ತಿಂದವರನ್ನು ಕೇಳಿ ಬರೆದಂತಿಲ್ಲ.

ಈಗ ಕಾಕಾ ಅವರ ಹೊಲಕ್ಕೆ ಮರಳುತ್ತೇನೆ. ಆಸ್ತಿಯ ಮೇಲಿನ ಚಾರ್ಜ್‌ಗೆ 1882ರ ಸ್ವತ್ತು ವರ್ಗಾವಣೆ ಅಧಿನಿಯಮದ 100ನೆಯ ಕಲಂನಲ್ಲಿ ವಿವರಣೆ ಇದೆ, ಅದು ಅಡಮಾನವಲ್ಲ ಎಂಬುದನ್ನೂ ಅಲ್ಲೇ ಸ್ಪಷ್ಟಪಡಿಸಿದೆ. ಹಾಗಾಗಿ ‘ಅಡವು’, ‘ಒತ್ತೆ’ ಎಂದು ಬರೆದರೆ ವಕೀಲರು ಹಿಡಿಯುತ್ತಾರೆ. ಪಹಣಿಯ 11ನೆಯ ಕಾಲಂನಲ್ಲಿ ‘ಋಣಗಳು’ ಎಂದಿದೆ. ಆದರೆ ಋಣ ಎಂದರೆ ಸಾಲವೇ ಆಯಿತು, ಹೊಲದ ಮೇಲೆ ಸಾಲದ ಹಿಡಿತ ಎಂಬ ಅರ್ಥ ಅದರಲ್ಲಿ ಪೂರ್ತಿ ಬರುವುದಿಲ್ಲ. ನಾನು ತಡಕಾಡುತ್ತಿದ್ದಾಗ ಕಾಕಾ ಅವರೇ, ‘ಓಹೋ, ಉತಾರದಲ್ಲಿ ಬೋಜಾ ಏರಿಸುತ್ತಾರಲ್ಲ, ಅದೇನು?’ ಎಂದರು. ಪಹಣಿಗೆ ಈ ಕಡೆ ಉತಾರ ಎನ್ನುತ್ತಾರೆ. ಬೋಜಾ ಮರಾಠಿಯ ಮಾತು, ಅದರ ಅರ್ಥವೂ ಹೊರೆಯೇ! ಲ್ಯಾಟಿನ್ನಿನ ಬಂಡಿ ಇಷ್ಟು ದೂರ ಸುತ್ತಿ ಬಂದು ನಿಂತ ಜಾಗದಲ್ಲಿ ಬೈಲಹೊಂಗಲದ ರೈತರು ಮೊದಲೇ ತಮ್ಮ ಬಂಡಿ ನಿಲ್ಲಿಸಿಕೊಂಡಿದ್ದರು.

ಅನುವಾದದ ಪ್ರತಿಯಲ್ಲಿ ‘ಆರೋಪ’ ಹೊಡೆದು ‘ಬೋಜಾ’ ಎಂದು ಬರೆದುಕೊಟ್ಟೆ. ಆದರೆ ಹಾಸನ, ಮಂಡ್ಯದ ಓದುಗರಿಗೆ ಅದು ತಿಳಿಯುವುದು ಅನುಮಾನ, ನಮ್ಮ ತುಮಕೂರಿನ ಮನೆಯಲ್ಲಿ ಆ ಪದ ಕೇಳಿದ ನೆನಪಿಲ್ಲ. ‘ಹೊರೆ’ ಎಂದೇ ಬರೆಯೋಣವೆಂದರೆ ಕರಾವಳಿಯವರಿಗೆ ಅದು ದೇವಸ್ಥಾನದ ಬ್ರಹ್ಮಕಲಶಕ್ಕೆ ಭಕ್ತರು ತಂದು ಒಪ್ಪಿಸುವ ಹೊರೆಕಾಣಿಕೆಯನ್ನು ನೆನಪಿಸೀತು, ಅದು ಒಳ್ಳೆಯ ಹೊರೆ. ‘ಸಾಲಭಾರ’ ಎಂಬುದನ್ನು ಕಟ್ಟಬಹುದು, ಆದರೆ ಕಟ್ಟಿದ ಪದವೆಂದು ತಕ್ಷಣ ಗೊತ್ತಾಗುತ್ತದೆ. ಕೇಳುವುದು ಇಷ್ಟೆ: ಹಳೆಯ ಮೈಸೂರು, ಕರಾವಳಿ, ಕೊಡಗು, ಕಲಬುರಗಿ ಕಡೆಯವರು ಸಹಕಾರಿ ಸಂಘದಲ್ಲಿ ಬೆಳೆಸಾಲ ಎತ್ತಿದಾಗ ಜಮೀನಿನ ಮೇಲೆ ಏನು ‘ಬಿತ್ತು’, ಏನು ‘ಕೂತಿತು’ ಎನ್ನುತ್ತೀರಿ? ಸಾಲ ತೀರಿಸಿ ಅದನ್ನು ತೆಗೆಸುವುದಕ್ಕೆ ಯಾವ ಕ್ರಿಯಾಪದ ಬಳಸುತ್ತೀರಿ? ನಿಘಂಟಿನ ಪದ ಬೇಡ. ನಿಮ್ಮ ಅಪ್ಪನೋ ಅಜ್ಜನೋ ಗ್ರಾಮಲೆಕ್ಕಿಗರ ಮುಂದೆ ನಿಂತು ಆಡಿದ ಪದ ಬೇಕು.