ಇಯರ್ 8 (12-13 ವಯಸ್ಸು) ಹುಡುಗನಿಗೆ ಎರಡು ದಿನ ಸಸ್ಪೆನ್ಷನ್: ಮುಂದೇನು? (ಇಂಗ್ಲೆಂಡ್; ಬರೆದವರ ಹೆಸರಿನ ಬದಲು ಅವರ ಊರು)

ರೀಡಿಂಗ್: ಎಲ್ಲರಿಗೂ ನಮಸ್ಕಾರ. ಕ್ಲಾಸಲ್ಲಿ ಪದೇ ಪದೇ ಗಲಾಟೆ ಅಂತ ಮಗನಿಗೆ ಎರಡು ದಿನ ಸಸ್ಪೆನ್ಷನ್. ಇದಕ್ಕೂ ಮೊದಲು ಆಗಾಗ ಮಧ್ಯಾಹ್ನ ಫೋನ್ ಮಾಡಿ ‘ಇವತ್ತು ಕರಕೊಂಡು ಹೋಗಿಬಿಡಿ’ ಅನ್ನೋರು. ಶಾಲೆಯಿಂದಲೇ ತೆಗೀತಾರಾ? ನಮ್ಮ ಐಎಲ್‌ಆರ್‌ಗೆ (ಇಲ್ಲಿ ಕಾಯಂ ಇರೋ ಅನುಮತಿಗೆ) ತೊಂದರೆ ಆಗುತ್ತಾ?

ಸ್ಲೌ: ಐಎಲ್‌ಆರ್‌ಗೂ ಇದಕ್ಕೂ ಸಂಬಂಧ ಇಲ್ಲ, ಇದು ಪೊಲೀಸ್ ಕೇಸಲ್ಲ. ಸಸ್ಪೆಂಡ್ ಮಾಡೋ ಅಧಿಕಾರ ಹೆಡ್‌ಟೀಚರ್‌ಗೆ ಮಾತ್ರ. ಕಾರಣ, ಎಷ್ಟು ದಿನ, ಗವರ್ನರ್‌ಗಳಿಗೆ (ಶಾಲೆಯ ಆಡಳಿತ ಮಂಡಳಿಗೆ) ಹೇಗೆ ಬರೀಬೇಕು, ಮೂರೂ ಪತ್ರದಲ್ಲಿ ಇರಬೇಕು. ಮೊದಲ 5 ದಿನ ಶಾಲೆ ಮನೆಗೆ ಕೆಲಸ ಕೊಟ್ಟು ತಿದ್ದಬೇಕು. ಆ ದಿನಗಳಲ್ಲಿ ಶಾಲೆ ಹೊತ್ತಿಗೆ ಮಗನನ್ನ ಟೆಸ್ಕೋ ಅಂಗಡಿಗೆ ಕಳಿಸಬೇಡಿ, ಸರಿಯಾದ ಕಾರಣ ಇಲ್ಲದೆ ಹೊರಗೆ ಕಂಡರೆ ದಂಡ ಅಪ್ಪ-ಅಮ್ಮನಿಗೆ. ಸಸ್ಪೆನ್ಷನ್‌ಗೆ ಶಾಲಾ ವರ್ಷಕ್ಕೆ ಒಟ್ಟು 45 ದಿನ ಮಿತಿ.

ಆ ಮಧ್ಯಾಹ್ನದ ಫೋನ್‌ಗಳೇ ದೊಡ್ಡ ವಿಷಯ. ಗಲಾಟೆ ಅಂತ, ಸಸ್ಪೆನ್ಷನ್ ಲೆಕ್ಕಕ್ಕೆ ಹಾಕದೆ ಮನೆಗೆ ಕಳಿಸೋದು ಕಾನೂನುಬಾಹಿರ, ನೀವು ಹೂಂ ಅಂದಿದ್ದರೂ ಅಷ್ಟೇ. ಹಾಜರಿಯಲ್ಲಿ ಯಾವ ಕೋಡ್ ಹಾಕಿದ್ದಾರೆ ಅಂತ ಇಮೇಲಲ್ಲಿ ಕೇಳಿ. ಸಸ್ಪೆನ್ಷನ್‌ಗೆ ‘ಇ’ ಅನ್ನೋ ಕೋಡ್.

ಹ್ಯಾರೋ: ಈ ದೇಶದಲ್ಲಿ ಮಕ್ಕಳಿಗೆ ಭಯಭಕ್ತಿ ಅನ್ನೋದೇ ಇಲ್ಲ ಕಣ್ರೀ. ಮೈಸೂರಿನ ಒಳ್ಳೆ ಹಾಸ್ಟೆಲ್‌ಗೆ ಹಾಕಿ, ಎರಡೇ ವರ್ಷದಲ್ಲಿ ದಾರಿಗೆ ಬರ್ತಾನೆ.

ಮಿಲ್ಟನ್ ಕೀನ್ಸ್: ಒಂದು ವೇಳೆ ಎಡಿಎಚ್‌ಡಿ (ಗಮನ ನಿಲ್ಲದ, ಚಡಪಡಿಸೋ ತೊಂದರೆ) ಇದ್ದರೆ, ಹಾಸ್ಟೆಲ್‌ಗೆ ಹಾಕಿದರೆ ಹೋಗುತ್ತಾ ಸರ್? ಇಲ್ಲಿ ಸಸ್ಪೆನ್ಷನ್‌ಗೆ ಅತಿ ಹೆಚ್ಚು ಬರೆಯೋ ಕಾರಣವೇ ‘ಪದೇ ಪದೇ ಅಡ್ಡಿ’. ಅದರ ಹಿಂದೆ ಓದೋಕೆ ಕಷ್ಟವೋ, ಕಿವಿ ಮಂದವೋ, ಯಾರಾದರೂ ಕಾಡಿಸ್ತಿದ್ದಾರೋ ನೋಡಬೇಕು. ಸೆನ್ಕೋ (ವಿಶೇಷ ಅಗತ್ಯದ ಮಕ್ಕಳನ್ನ ನೋಡಿಕೊಳ್ಳೋ ಟೀಚರ್) ಜೊತೆ ಮೀಟಿಂಗ್ ಕೇಳಿ. ಯಾವ ಪಾಠ, ಎಷ್ಟು ಗಂಟೆ, ಪಕ್ಕದಲ್ಲಿ ಯಾರು ಅಂತ ಘಟನೆಗಳ ಪಟ್ಟಿ ತರಿಸಿಕೊಳ್ಳಿ. ಎಲ್ಲಾ ಊಟದ ನಂತರದ ಪೀರಿಯಡ್‌ನಲ್ಲೇ ಆಗಿದ್ದರೆ ಅಲ್ಲೇ ಸುಳಿವು ಸಿಕ್ಕಿತು.

ಲೆಸ್ಟರ್: ಭಾನುವಾರ ಕನ್ನಡ ಕಲಿ ಕ್ಲಾಸಿಗೆ ಹಾಕಿ, ಸಂಸ್ಕಾರ ಬರುತ್ತೆ.

ಹ್ಯಾರೋ: ಎಡಿಎಚ್‌ಡಿ ಎಲ್ಲಾ ಈಗಿನ ಫ್ಯಾಷನ್. ಅಪ್ಪ-ಅಮ್ಮ ಇಬ್ಬರೂ ಕೆಲಸಕ್ಕೆ ಹೋದರೆ ಇನ್ನೇನಾಗುತ್ತೆ?

ಮಿಲ್ಟನ್ ಕೀನ್ಸ್: ಆಕೆ ಕೇಳಿದ್ದು ಅದಲ್ಲ.

ಸ್ಲೌ: ಮೇಡಂ, ವಾಪಸ್ ಹೋಗೋ ದಿನದ ಮೀಟಿಂಗ್‌ಗೆ ಹೋಗಿ. ರಜೆ ಸಿಗಲಿಲ್ಲ ಅಂದರೂ ಮಗನನ್ನ ಹೊರಗಿಡೋ ಹಾಗಿಲ್ಲ. ಎಲ್ಲಿ ಕೂರಿಸ್ತಾರೆ, ಸಿಟ್ಟು ಬಂದಾಗ ಯಾರ ಹತ್ತಿರ ಹೋಗಬೇಕು, ಬರವಣಿಗೆಯಲ್ಲಿ ತಗೊಳ್ಳಿ. ‘ಮ್ಯಾನೇಜ್ಡ್ ಮೂವ್’ (ಮಾತಾಡಿಕೊಂಡು ಬೇರೆ ಶಾಲೆಗೆ ಕಳಿಸೋದು) ಅಂತ ಅವರು ಅಂದರೆ, ಅದು ನಿಮ್ಮ ಒಪ್ಪಿಗೆ ಇಲ್ಲದೆ ಆಗಲ್ಲ, ಗಡಿಬಿಡಿಯಲ್ಲಿ ಸಹಿ ಹಾಕಬೇಡಿ. ಶಾಲೆಯಿಂದ ಪರ್ಮನೆಂಟ್ ಆಗಿ ತೆಗೆದುಬಿಟ್ಟರೆ 15 ಶಾಲಾ ದಿನದೊಳಗೆ ಗವರ್ನರ್‌ಗಳು ಸೇರಲೇಬೇಕು. ಅವರೂ ಎತ್ತಿಹಿಡಿದರೆ ಸ್ವತಂತ್ರ ಪ್ಯಾನೆಲ್‌ಗೆ ಹೋಗೋಕೆ ನಿಮಗೆ 15 ಶಾಲಾ ದಿನ. ವಿಶೇಷ ಅಗತ್ಯದ ತಜ್ಞರು ಬರಲಿ ಅಂತ ಕೇಳಬಹುದು, ನಿಮಗೆ ಖರ್ಚಿಲ್ಲ. ಆದರೆ ವಾಪಸ್ ಸೇರಿಸಿಕೊಳ್ಳಿ ಅಂತ ಆಜ್ಞೆ ಮಾಡೋ ಅಧಿಕಾರ ಪ್ಯಾನೆಲ್‌ಗಿಲ್ಲ, ಗವರ್ನರ್‌ಗಳಿಗಿದೆ. ನಿಮ್ಮ ಪೂರ್ತಿ ತಯಾರಿ ಅವರ ಮುಂದೆಯೇ ಇರಲಿ.

ಹ್ಯಾರೋ: ಹಾಸ್ಟೆಲ್ ಫೀಸ್ ವಿವರ ಬೇಕಿದ್ದವರು ಇನ್‌ಬಾಕ್ಸ್ ಮಾಡಿ.