ಡಿಕ್ರಿ ಆಗಿದೆ, ಗದ್ದೆ ಮಾತ್ರ ಕೈಗೆ ಬಂದಿಲ್ಲ

ಅಂಕೋಲಾ ಹುಡುಗ:
ಗದ್ದೆ ಅಪ್ಪಂಗೆ ಬಿಟ್ಕೊಡ್ಬೇಕು ಅಂತ ಕೋರ್ಟಲ್ಲಿ ಡಿಕ್ರಿ ಆಗಿ ವರ್ಷಗಳೇ ಆದ್ವು, ಅಪೀಲೂ ಹಾಕಿಲ್ಲ, ಆದ್ರೂ ಎದುರಿನವ್ರು ಈ ಸಲನೂ ನಾಟಿ ಮಾಡಿದಾರೆ, ಕೇಳೋಕೆ ಹೋದ್ರೆ ಮೈಮೇಲೆ ಬರ್ತಾರೆ. ಪೊಲೀಸ್ರು ಸಿವಿಲ್ ಮ್ಯಾಟರ್ ಅಂತಾರೆ. ಏನ್ಮಾಡೋದು ಹೇಳಿ, ಅಪ್ಪಂಗೆ ವಯಸ್ಸಾಯ್ತು.

ಶಿರಸಿ ತೋಟದವ:
ಡಿಕ್ರಿ ಕೊಟ್ಟ ಕೋರ್ಟಲ್ಲೇ ಅಮಲ್ಜಾರಿ (ಡಿಕ್ರಿ ಜಾರಿ ಮಾಡಿಸೋ) ಅರ್ಜಿ ಹಾಕಿ, ಸಿಪಿಸಿ ಅಂದ್ರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆರ್ಡರ್ 21 ರೂಲ್ 35. ವಾರಂಟ್ ಆದ್ರೆ ಕೋರ್ಟಿನ ಅಮೀನರು ಜಾಗಕ್ಕೇ ಬಂದು ಸ್ವಾಧೀನ ಕೊಡಿಸ್ತಾರೆ. ಡಿಕ್ರಿ ಆದ 12 ವರ್ಷದೊಳಗೆ ಹಾಕ್ಲೇಬೇಕು. ಮತ್ತೆ ಚೆಕ್ಕುಬಂದಿ (ಜಾಗದ ನಾಲ್ಕೂ ದಿಕ್ಕಿನ ಗಡಿ) ಸರಿ ನೋಡ್ಕೊಳ್ಳಿ ಮಾರಾಯ್ರೆ, ನಮ್ ಕಡೆ ಒಂದೇ ಸರ್ವೆ ನಂಬರಿಗೆ ಹಿಸ್ಸಾ ಮೇಲೆ ಹಿಸ್ಸಾ, ಡಿಕ್ರಿ ಶೆಡ್ಯೂಲಿಗೂ (ಅದ್ರಲ್ಲಿರೋ ಜಾಗದ ವಿವರ) ಪಹಣಿಗೂ ತಾಳೆ ಆಗ್ದಿದ್ರೆ ಅಮೀನರು ಗದ್ದೆ ಅಂಚಲ್ಲಿ ನಿಂತು ‘ಇದ್ರಲ್ಲಿ ನಿಮ್ದು ಯಾವ್ದು’ ಅಂತ ಕೇಳ್ತಾರೆ, ಎದುರಿನವ್ರಿಗೆ ಬೇಕಾಗಿರೋದೂ ಅದೇ. ಮೊದ್ಲೇ ಹದ್ದುಬಸ್ತು (ಸರ್ವೆಯವ್ರಿಂದ ಗಡಿ ಅಳತೆ) ಮಾಡಿಸಿ ನಕ್ಷೆ ಜೊತೆಗಿಟ್ಕೊಳ್ಳಿ.

ಕುಮಟಾದಿಂದ:
ಅಡ್ಡ ಬಂದ್ರೆ ದಯವಿಟ್ಟು ಕೈ ಮಾಡ್ಬೇಡಿ. ಅಮೀನರು ಅದನ್ನ ವರದಿಯಲ್ಲಿ ಬರೀಲಿ, ನೀವು ಅಡ್ಡ ಬಂದ 30 ದಿನದೊಳಗೆ ಅದೇ ಆರ್ಡರ್ 21ರ ರೂಲ್ 97ರಲ್ಲಿ ಅರ್ಜಿ ಕೊಡಿ. ಯಾರೋ ಮೂರನೆಯವ್ರು ಬಂದು ಜಾಗ ನಮ್ದು ಅಂದ್ರೂ ಅದೇ ಕೋರ್ಟ್ ತೀರ್ಮಾನ ಮಾಡುತ್ತೆ, ಬೇರೆ ದಾವೆ ಬೇಡ. ಪೊಲೀಸ್ ರಕ್ಷಣೆ ಬೇಕು ಅಂತಾನೂ ಕೋರ್ಟಿಗೇ ಕೇಳಿ, ಆರ್ಡರ್ ಇದ್ರೆ ಸ್ಟೇಷನ್ನಲ್ಲಿ ಸಿವಿಲ್ ಮ್ಯಾಟರ್ ಅಂತ ವಾಪಸ್ ಕಳ್ಸೋಕಾಗಲ್ಲ. ಅಮಲ್ಜಾರಿ 6 ತಿಂಗಳಲ್ಲಿ ಮುಗಿಸ್ಬೇಕು ಅಂತ ಸುಪ್ರೀಂ ಕೋರ್ಟೇ 2021ರಲ್ಲಿ ಹೇಳಿದೆ, ವಕೀಲ್ರಿಗೆ ನೆನಪು ಮಾಡಿ.

ಅಂಕೋಲಾ ಹುಡುಗ:
12 ವರ್ಷ ಇನ್ನೂ ಆಗಿಲ್ಲ, ಸದ್ಯ! ಡಿಕ್ರಿ ನಕಲಿಗೆ ನಾಳೆನೇ ಅರ್ಜಿ ಕೊಡ್ತೆ. ಇಬ್ರಿಗೂ ತುಂಬಾ ಥ್ಯಾಂಕ್ಸ್.