ಮಗಳ ಮೇಜಿನ ಮೇಲಿನ ಕಪ್ಪು ಹಿಡಿಯ ಚೂರಿ: ಓದುಗರ ಸ್ಪಂದನ

ಕಳೆದ ವಾರ ಧಾರವಾಡದ ತಾಯಿಯೊಬ್ಬರು ತಮ್ಮ ಸಂಕಟ ಬರೆದುಕೊಂಡಿದ್ದರು. ಬೆಂಗಳೂರಿನಲ್ಲಿ ಓದು ಮುಗಿಸಿ ಮನೆಗೆ ಮರಳಿದ 23 ವರ್ಷದ ಮಗಳು, ತಾನು ವಿಕ್ಕಾ ಧರ್ಮ ಅನುಸರಿಸುತ್ತಿರುವುದಾಗಿ ಹೇಳಿದ್ದಾಳೆ. ಇದು ಇಂಗ್ಲೆಂಡಿನಲ್ಲಿ ಹುಟ್ಟಿದ, ಋತುಗಳನ್ನು ಪೂಜಿಸುವ ಧರ್ಮ; ಅನುಸರಿಸುವವರನ್ನು ಇಂಗ್ಲಿಷಿನಲ್ಲಿ ‘ವಿಚ್’, ಅಂದರೆ ಮಾಟಗಾತಿ, ಎನ್ನುವುದುಂಟು. ಅವಳ ಮೇಜಿನ ಮೇಲೆ ಮೇಣದ ಬತ್ತಿ, ಬಟ್ಟಲಲ್ಲಿ ಉಪ್ಪು, ಐದು ಮೂಲೆಯ ನಕ್ಷತ್ರ, ಕಪ್ಪು ಹಿಡಿಯ ಚೂರಿ. ಅದನ್ನು ಕಂಡ ಅತ್ತೆಯವರು ಸರಿಯಾಗಿ ಊಟ ಮಾಡುತ್ತಿಲ್ಲ. ಬಂಧುವೊಬ್ಬರು ದೆವ್ವ ‘ಬಿಡಿಸುವವರ’ ಬಳಿ ಕರೆದೊಯ್ಯೋಣ ಎಂದು ಬೆನ್ನು ಬಿದ್ದಿದ್ದಾರೆ. “ನನ್ನ ಮಗಳು ಮಾಟಗಾತಿಯಾದಳೇ? ನಾನು ಏನು ಮಾಡಲಿ?” ಎಂಬುದು ಅವರ ಪ್ರಶ್ನೆ. ಬಂದ ಪತ್ರಗಳಲ್ಲಿ ಕೆಲವು ಇಲ್ಲಿವೆ.

ನಿವೃತ್ತ ಶಿಕ್ಷಕಿ, ಗದಗ

ಅಕ್ಕಾವರೇ, ನಿಮ್ಮ ಪತ್ರ ಓದುತ್ತಾ ಬಂದು ‘ಬಿಡಿಸುವವರು’ ಎಂಬಲ್ಲಿ ನನ್ನ ಎದೆ ಧಸಕ್ಕೆಂದಿತು. ಆ ಮಾತಿನ ಬೆನ್ನಿಗೆ ಏನೇನು ಬರುತ್ತದೆ ಎಂಬುದನ್ನು ನಾನು ಕಣ್ಣಾರೆ ಕಂಡವಳು.

ನನಗಾಗ ಹತ್ತು ವರ್ಷ. ನಮ್ಮ ಓಣಿಯಲ್ಲಿ ಗಂಡ ತೀರಿಕೊಂಡ ಒಬ್ಬ ಹೆಣ್ಣುಮಗಳಿದ್ದರು. ಮಕ್ಕಳಿಗೆ ಹೊಟ್ಟೆ ನೋವು ಬಂದರೆ ಯಾವುದೋ ಬೇರು ತೇಯ್ದು ಕೊಡುತ್ತಿದ್ದರು, ದುಡ್ಡು ಮುಟ್ಟುತ್ತಿರಲಿಲ್ಲ. ಆ ವರ್ಷ ಎದುರು ಮನೆಯ ಎಮ್ಮೆ ಬತ್ತಿತು, ಅದೇ ಮನೆಯ ಸೊಸೆಗೆ ಎರಡು ಬಾರಿ ಗರ್ಭ ನಿಲ್ಲಲಿಲ್ಲ. ಮೊದಲು ಒಬ್ಬರು ಪಿಸುಗುಟ್ಟಿದರು, ತಿಂಗಳೊಪ್ಪತ್ತಿನಲ್ಲಿ ಓಣಿಯೇ ಆಡಿತು: ಇವಳು ಮಾಟ ಮಾಡಿಸಿದ್ದಾಳೆ. ನಲ್ಲಿಯ ಮುಂದೆ ಅವರ ಕೊಡ ಬಂದರೆ ಉಳಿದವರು ತಮ್ಮ ಕೊಡ ಎತ್ತಿ ದೂರ ಇಡುತ್ತಿದ್ದರು. ಒಂದು ಅಮಾವಾಸ್ಯೆಯ ಸಂಜೆ ಅವರ ಹೊಸ್ತಿಲಲ್ಲಿ ಒಣಮೆಣಸಿನಕಾಯಿಯ ಹೊಗೆ ಹಾಕಿದರು. ಕೆಮ್ಮುತ್ತಾ ಹಿತ್ತಲ ಬಾಗಿಲಿನಿಂದ ಹೊರಬಿದ್ದವರು ಮತ್ತೆ ಆ ಮನೆಗೆ ಬರಲಿಲ್ಲ. ಕೊಡ ದೂರ ಇಟ್ಟವರಲ್ಲಿ ನನ್ನ ಅವ್ವನೂ ಒಬ್ಬಳು. ಐವತ್ತು ವರ್ಷ ಕಳೆದರೂ ಇದನ್ನು ಬರೆಯುವಾಗ ತಲೆ ತಗ್ಗುತ್ತದೆ.

ನಮ್ಮ ಭಾಷೆಯಲ್ಲಿ ‘ಮಾಟಗಾತಿ’ ಎಂದು ಯಾರೂ ತಮ್ಮನ್ನು ತಾವು ಕರೆದುಕೊಳ್ಳುವುದಿಲ್ಲ. ಅದು ಬೇರೆಯವರು ಎಸೆಯುವ ಕಲ್ಲು. ಆ ಹೆಣ್ಣುಮಗಳ ಮನೆಯಲ್ಲಿ ಇದ್ದದ್ದು ಎಲ್ಲರ ಮನೆಯಲ್ಲೂ ಇರುವ ಜಗಲಿ, ಅದೇ ಎಲ್ಲಮ್ಮನ ಪಟ. ನಿಮ್ಮ ಮಗಳಾದರೋ ತಾನೇ ಒಂದು ಪೂಜೆಯನ್ನು ಆರಿಸಿಕೊಂಡಿದ್ದಾಳೆ. ಇವೆರಡಕ್ಕೂ ಒಂದೇ ಹೆಸರು ಹಚ್ಚಿದ್ದರಿಂದ ನಿಮಗೆ ಇಷ್ಟು ಗಾಬರಿ.

ಮೊಮ್ಮಗನನ್ನು ಪಕ್ಕದಲ್ಲಿ ಕೂರಿಸಿಕೊಂಡು ನಾಲ್ಕು ದಿನ ಈ ವಿಕ್ಕಾದ ಬಗ್ಗೆ ಓದಿದೆ. ಅವರಿಗೆ ವರ್ಷಕ್ಕೆ ಎಂಟು ಹಬ್ಬ: ಅಯನ ಬದಲಾಗುವ ಎರಡು ದಿನ, ಹಗಲು ರಾತ್ರಿ ಸಮವಾಗುವ ಎರಡು ದಿನ, ಇವುಗಳ ನಡುವೆ ಬರುವ ನಾಲ್ಕು. ಒಬ್ಬಳು ದೇವಿ, ಒಬ್ಬ ಕೊಂಬಿನ ದೇವ. ಸೈತಾನನೆಂಬುವನು ಆ ಧರ್ಮದಲ್ಲಿ ಇಲ್ಲವೇ ಇಲ್ಲ. ಓದುತ್ತಾ ಓದುತ್ತಾ ನನಗೆ ನಮ್ಮ ಮಣ್ಣಿನ ಪೂಜೆಗಳೇ ಕಣ್ಣಮುಂದೆ ಬಂದವು. ಮಣ್ಣೆತ್ತಿನ ಅಮಾವಾಸ್ಯೆಗೆ ಎತ್ತು ಮಾಡುತ್ತೇವೆ, ಆಷಾಢದ ಮಂಗಳವಾರಗಳಲ್ಲಿ ಗುಳ್ಳವ್ವನನ್ನು ಕೂರಿಸುತ್ತೇವೆ, ಗಣಪ ಹೋದ ಮೇಲೆ ಬುಟ್ಟಿಯಲ್ಲಿ ಬೇವಿನ ಸೊಪ್ಪಿನ ನಡುವೆ ಕುಳಿತು ಜೋಕುಮಾರ ಮನೆ ಮನೆಗೆ ಬರುತ್ತಾನೆ. ಇವನ್ನೆಲ್ಲ ಹೊರಗಿನವರೊಬ್ಬರು ಮೊದಲ ಬಾರಿ ಕಂಡರೆ ಏನೆಂದುಕೊಂಡಾರು?

ಒಂದು ವ್ಯತ್ಯಾಸವಂತೂ ನನ್ನನ್ನು ಬಹಳ ಹೊತ್ತು ಹಿಡಿದು ಕೂರಿಸಿತು. ಅವರಲ್ಲಿ ಅಕ್ಟೋಬರ್ 31 ಸತ್ತ ಹಿರಿಯರನ್ನು ನೆನೆಯುವ ದಿನ. ಇಂಗ್ಲೆಂಡಿನಲ್ಲಿ ಆಗ ಹೊಲ ಬರಿದಾಗಿ, ಎಲೆ ಉದುರಿ, ಕತ್ತಲೆ ಬೇಗ ಇಳಿಯುತ್ತದೆ. ಹೆಚ್ಚು ಕಡಿಮೆ ಅದೇ ದಿನಗಳಲ್ಲಿ ನಮಗೆ ಶೀಗಿ ಹುಣ್ಣಿಮೆ. ಹೊಲದಲ್ಲಿ ಪೈರು ಎದ್ದು ನಿಂತಿರುತ್ತದೆ. ಭೂತಾಯಿ ಬಸುರಿ ಎಂದು ಅವಳ ಬಯಕೆ ತೀರಿಸಲು ಕಡುಬು, ಹೋಳಿಗೆ, ರೊಟ್ಟಿ, ಪುಂಡಿಪಲ್ಯ ಕಟ್ಟಿಕೊಂಡು ಹೋಗುತ್ತೇವೆ, ಐದು ಕಲ್ಲಿಟ್ಟು ಪಾಂಡವರೆಂದು ಪೂಜಿಸುತ್ತೇವೆ, ಬದುವಿನ ಗುಂಟ ಚರಗ ಚೆಲ್ಲುತ್ತೇವೆ. ಅಲ್ಲಿ ಭೂಮಿ ಮಲಗುವ ಹೊತ್ತು, ಇಲ್ಲಿ ಅವಳಿಗೆ ಸೀಮಂತ. ನಿಮ್ಮ ಮಗಳು ಋತುಗಳನ್ನು ಪೂಜಿಸುವವಳಾದರೆ ಈ ಎರೆಮಣ್ಣಿನ ಋತುಗಳನ್ನೂ ನೋಡಲಿ. ಈ ಸಲ ಚರಗದ ಬುಟ್ಟಿಯನ್ನು ಅವಳ ಕೈಗೆ ಕೊಡಿ. ಅವಳ ದೇವಿಯನ್ನು ಬಿಡಿಸಲು ಅಂತ ಕರೆದೊಯ್ಯಬೇಡಿ, ಅವಳಿಗೆ ಅದು ಕೂಡಲೇ ಗೊತ್ತಾಗುತ್ತದೆ. ಬುಟ್ಟಿ ಹೊರಲು ಕರೆಯಿರಿ, ಸಾಕು.

ನಿವೃತ್ತ ಬ್ಯಾಂಕ್ ನೌಕರ, ಧಾರವಾಡ

ತಾಯಿ, ನಾನು ಯಾವ ದೇವರನ್ನೂ ನಂಬುವವನಲ್ಲ. ಆದುದರಿಂದ ನಿಮ್ಮ ಮಗಳ ಪರವಾಗಿ ವಕಾಲತ್ತು ವಹಿಸುತ್ತೇನೆಂದು ತಿಳಿಯಬೇಡಿ. ಆದರೆ ಸತ್ಯವಾದುದನ್ನು ಹೇಳಬೇಕು.

ಈ ಧರ್ಮವನ್ನು ಜಗತ್ತಿಗೆ ಪರಿಚಯಿಸಿದವರು ಜೆರಾಲ್ಡ್ ಗಾರ್ಡ್ನರ್ ಎಂಬ ಇಂಗ್ಲಿಷ್ ಮನುಷ್ಯ. ಮಲಯಾದಲ್ಲಿ ಸುಂಕದ ಅಧಿಕಾರಿಯಾಗಿದ್ದು ನಿವೃತ್ತರಾದವರು. ಬ್ರಿಟನ್ನಿನಲ್ಲಿ 1735ರ ಮಾಟದ ಕಾಯಿದೆ ರದ್ದಾದದ್ದು 1951ರಲ್ಲಿ, ಗಾರ್ಡ್ನರ್ ತಮ್ಮ ಪುಸ್ತಕ ಪ್ರಕಟಿಸಿದ್ದು 1954ರಲ್ಲಿ. ಕ್ರೈಸ್ತ ಧರ್ಮಕ್ಕಿಂತ ಹಳೆಯದಾದ ಒಂದು ಪೂಜಾ ಪದ್ಧತಿ ಗುಟ್ಟಾಗಿ ಉಳಿದುಬಂದಿದೆ, ಅದು ತಮಗೆ ಸಿಕ್ಕಿತು ಎಂಬುದು ಅವರ ಮಾತು. ಇಂಥದೇ ವಾದವನ್ನು ಮಾರ್ಗರೆಟ್ ಮರ್ರೆ ಎಂಬ ವಿದ್ವಾಂಸೆ 1921ರಲ್ಲೇ ಮಂಡಿಸಿದ್ದರು. ಇಂದಿನ ಇತಿಹಾಸಕಾರರು ಅದನ್ನು ಒಪ್ಪುವುದಿಲ್ಲ. ಇವರ ಪೂಜೆಗಳಲ್ಲಿ ಓದುವ ಎಷ್ಟೋ ಸಾಲುಗಳನ್ನು ಗಾರ್ಡ್ನರ್ ಜೊತೆಗಿದ್ದ ಡೋರೀನ್ ವ್ಯಾಲಿಯಂಟೆ ಎಂಬ ಮಹಿಳೆ ಬರೆದರು. ಮಗಳು ‘ಇದು ಸಾವಿರಾರು ವರ್ಷದ ಹಿಂದಿನದು’ ಎಂದರೆ ಇಷ್ಟನ್ನು ಅವಳ ಮುಂದಿಡಿ. ಹಾಗೆಂದು ಹೊಸದು ಎಂಬ ಕಾರಣಕ್ಕೆ ಹೀಗಳೆಯಬೇಡಿ. ಹನ್ನೆರಡನೆಯ ಶತಮಾನದ ಕಲ್ಯಾಣದಲ್ಲಿ ಶರಣರ ದಾರಿಯೂ ಹೊಸದೇ ಆಗಿತ್ತು.

ಮೇಣದ ಬತ್ತಿ ಹಚ್ಚಿದರೆ ನೌಕರಿ ಸಿಗುತ್ತದೆ ಎಂಬುದನ್ನು ನಾನು ಒಪ್ಪುವುದಿಲ್ಲ. ಹರಕೆ ಹೊತ್ತರೆ ಸಿಗುತ್ತದೆ ಎಂಬುದನ್ನೂ ಒಪ್ಪುವುದಿಲ್ಲ. ನೀವು ಒಂದನ್ನು ಭಕ್ತಿ, ಇನ್ನೊಂದನ್ನು ಹುಚ್ಚು ಎಂದು ತೂಗುವುದಾದರೆ ತಕ್ಕಡಿ ಸರಿಯಿಲ್ಲ. ನೀವು ನೋಡಬೇಕಾದದ್ದು ಬೇರೆ: ಹುಡುಗಿ ಸರಿಯಾಗಿ ನಿದ್ದೆ ಮಾಡುತ್ತಾಳೆಯೇ, ಉಣ್ಣುತ್ತಾಳೆಯೇ, ಗೆಳತಿಯರೊಡನೆ ಮಾತು ಇದೆಯೇ? ಇಲ್ಲವೆಂದಾದರೆ ನಮ್ಮೂರಿನಲ್ಲೇ ಮಾನಸಿಕ ಆರೋಗ್ಯದ ಆಸ್ಪತ್ರೆ ಡಿಮ್ಹಾನ್ಸ್ ಇದೆ, ಸಂಕೋಚಪಡದೆ ಹೋಗಿ ಬನ್ನಿ. ಇವೆಲ್ಲ ಸರಿಯಿದ್ದರೆ ವೈದ್ಯರ ಅಗತ್ಯವೂ ಇಲ್ಲ.

ವಕೀಲರು, ಹಾವೇರಿ

ನಿಮ್ಮ ಬಂಧುವಿಗೆ ಓದಿಸಲು ಈ ನಾಲ್ಕು ಮಾತು. ಅಮಾನವೀಯ ದುಷ್ಟ ಪದ್ಧತಿ ಮತ್ತು ಮಾಟಮಂತ್ರಗಳನ್ನು ತಡೆಯಲು ನಮ್ಮ ರಾಜ್ಯ 2017ರಲ್ಲಿ ಮಾಡಿದ ಕಾನೂನು 2020ರ ಜನವರಿಯಿಂದ ಜಾರಿಯಲ್ಲಿದೆ. ದೆವ್ವ ಬಿಡಿಸುತ್ತೇನೆಂದು ಒಬ್ಬರನ್ನು ಕಟ್ಟಿಹಾಕುವುದು, ಹೊಡೆಯುವುದು, ಮೆಣಸಿನಕಾಯಿ ಹೊಗೆ ಕುಡಿಸುವುದು ಅದರ ಪ್ರಕಾರ ಅಪರಾಧ. ಒಂದರಿಂದ ಏಳು ವರ್ಷದವರೆಗೆ ಜೈಲು, 5,000ದಿಂದ 50,000 ರೂಪಾಯಿವರೆಗೆ ದಂಡ. ಮನೆಯಲ್ಲಿ ಯಾರ ಮೈಗೂ ನೋವಾಗದಂತೆ ನಡೆಯುವ ಪೂಜೆ, ಪ್ರಾರ್ಥನೆಗಳಿಗೆ ಆ ಕಾನೂನಿನ ಅಡ್ಡಿಯಿಲ್ಲ. ವಯಸ್ಸಿಗೆ ಬಂದ ನಿಮ್ಮ ಮಗಳಿಗೆ ಸಂವಿಧಾನದ 25ನೆಯ ವಿಧಿ ಕೊಟ್ಟಿರುವ ಆತ್ಮಸಾಕ್ಷಿಯ ಸ್ವಾತಂತ್ರ್ಯವಂತೂ ಇದ್ದೇ ಇದೆ. ಅವಳನ್ನು ಬಲವಂತದಿಂದ ವಾಹನ ಹತ್ತಿಸುವ ಮಾತು ಯಾರಾದರೂ ಎತ್ತಿದರೆ 112ಕ್ಕೆ ಕರೆ ಮಾಡಲು ಹಿಂದೆಮುಂದೆ ನೋಡಬೇಡಿ, ಸಂಬಂಧ ಕೆಟ್ಟರೆ ಕೆಡಲಿ.

ವಿದ್ಯಾನಗರದ ಯುವ ಓದುಗರು, ಹುಬ್ಬಳ್ಳಿ

ಕಾಕೂ, ನಾನು ನಿಮ್ಮ ಮಗಳ ವಯಸ್ಸಿನವಳು. ನಾಲ್ಕು ವರ್ಷದಿಂದ ಇದೇ ದಾರಿಯಲ್ಲಿದ್ದೇನೆ, ಅಪ್ಪ ಅವ್ವನ ಜೊತೆಗೇ ಇದ್ದೇನೆ.

ಮೊದಲು ಚೂರಿಯ ವಿಷಯ, ಏಕೆಂದರೆ ನಮ್ಮ ಮನೆಯಲ್ಲೂ ರಂಪವಾದದ್ದು ಅದರಿಂದಲೇ. ಅದಕ್ಕೆ ಅಥಾಮೆ ಎನ್ನುತ್ತಾರೆ. ಪೂಜೆಗೆ ಕೂರುವ ಮುನ್ನ ಸುತ್ತಲೂ ಗಾಳಿಯಲ್ಲಿ ಒಂದು ವೃತ್ತ ಎಳೆಯಲು ಅದು ಬೇಕು. ಪರಂಪರೆಯ ಪ್ರಕಾರ ಅದರಿಂದ ಯಾವುದನ್ನೂ ಕತ್ತರಿಸುವುದಿಲ್ಲ. ನನ್ನದು ಲಿಂಬೆಹಣ್ಣನ್ನೂ ಹೆಚ್ಚದಷ್ಟು ಮೊಂಡು. ವೃತ್ತದ ಒಳಗೆ ಪೂರ್ವಕ್ಕೆ ಗಾಳಿ, ದಕ್ಷಿಣಕ್ಕೆ ಬೆಂಕಿ, ಪಶ್ಚಿಮಕ್ಕೆ ನೀರು, ಉತ್ತರಕ್ಕೆ ಮಣ್ಣು ಎಂದು ನೆನೆಯುತ್ತೇವೆ. ಉಪ್ಪು ಮಣ್ಣಿನ ಗುರುತು. ನಕ್ಷತ್ರದ ನಾಲ್ಕು ಮೂಲೆ ಈ ನಾಲ್ಕಕ್ಕೆ, ಐದನೆಯದು ಚೈತನ್ಯಕ್ಕೆ. ಸತ್ತ ಸೈನಿಕರ ಸಮಾಧಿಕಲ್ಲಿನ ಮೇಲೆ ಶಿಲುಬೆ ಕೆತ್ತುವಂತೆ ಈ ನಕ್ಷತ್ರವನ್ನೂ ಕೆತ್ತಲು ಅಮೆರಿಕದ ಸರ್ಕಾರ 2007ರಲ್ಲಿ ಒಪ್ಪಿಕೊಂಡಿತು.

ನಮ್ಮ ಮುಖ್ಯ ನಿಯಮ ಒಂದೇ: ಯಾರಿಗೂ ಕೇಡಾಗದ ಹಾಗಿದ್ದರೆ ನಿನ್ನಿಚ್ಛೆಯಂತೆ ನಡೆ. ಮಾಡಿದ್ದು ಮೂರು ಪಟ್ಟಾಗಿ ಮಾಡಿದವರಿಗೇ ಮರಳುತ್ತದೆ ಎಂದು ನಮ್ಮಲ್ಲಿ ಬಹಳ ಮಂದಿ ನಂಬುತ್ತಾರೆ. ಅವ್ವನಿಗೆ ಇದನ್ನು ಹೇಳಿದಾಗ ಅವಳು ‘ಮಾಡಿದ್ದುಣ್ಣೋ ಮಹಾರಾಯ ಅಂದರೆ ಅದೇ ಅಲ್ಲವೇ’ ಎಂದಳು. ಅದಾದ ಮೇಲಿನ ಹುಣ್ಣಿಮೆಗೆ ನಾನು ಮಾಳಿಗೆಯ ಮೇಲೆ ದೀಪ ಹಚ್ಚಿ ಕುಳಿತಿದ್ದೆ. ಗಾಳಿಗೆ ಬತ್ತಿ ಮೂರು ಸಲ ಆರಿತು. ಮೆಟ್ಟಿಲ ಮೇಲೆ ಯಾರೋ ಇದ್ದಾರೆ ಅನ್ನಿಸಿ ತಿರುಗಿ ನೋಡಿದರೆ ಅವ್ವ. ಎಷ್ಟು ಹೊತ್ತಿನಿಂದ ನಿಂತಿದ್ದಳೋ. ಏನೂ ಕೇಳದೆ ಕೆಳಗೆ ಹೋಗಿ ದೇವರ ಮನೆಯ ಗಾಜಿನ ಬುರುಡೆ ತಂದು ದೀಪದ ಮೇಲೆ ಇಟ್ಟು ಹೋದಳು. ಅವಳಿಗೆ ಇವತ್ತಿಗೂ ನನ್ನ ಪೂಜೆ ಇಷ್ಟವಿಲ್ಲ. ಆದರೆ ಆ ಬುರುಡೆ ನನ್ನ ಮೇಜಿನ ಮೇಲೇ ಇದೆ.

ನೀವು ಒಂದು ವಿಷಯದಲ್ಲಿ ಮಾತ್ರ ಎಚ್ಚರವಾಗಿರಬೇಕು, ಅದು ಹಣ. ನಾನು ಹೊಸಬಳಿದ್ದಾಗ ಮೊಬೈಲ್‌ನಲ್ಲಿ ಪರಿಚಯವಾದ ಒಬ್ಬರು ದೀಕ್ಷೆ ಕೊಡುತ್ತೇನೆಂದು ನಂಬಿಸಿ ನನ್ನಿಂದ 6,000 ರೂಪಾಯಿ ಪಡೆದು ಆಮೇಲೆ ಕರೆ ಎತ್ತಲಿಲ್ಲ. ಗಾರ್ಡ್ನರ್ ಪರಂಪರೆಯಲ್ಲಿ ದೀಕ್ಷೆಗೆ ಹಣ ಪಡೆಯುವಂತಿಲ್ಲ ಎಂಬುದು ನನಗೆ ತಡವಾಗಿ ತಿಳಿಯಿತು. ಒಬ್ಬಂಟಿಯಾಗಿ, ಯಾರ ದೀಕ್ಷೆಯೂ ಇಲ್ಲದೆ ಪೂಜಿಸುವವರೇ ಬಹಳ. ಮಗಳಿಗೆ ಯಾರಾದರೂ ದುಡ್ಡು ಕೇಳುತ್ತಿದ್ದಾರೆಯೇ, ಗುಟ್ಟಾಗಿ ಎಲ್ಲಿಗಾದರೂ ಕರೆಯುತ್ತಿದ್ದಾರೆಯೇ ಎಂದು ವಿಚಾರಿಸಿ. ನೀವು ಬೈಯುವುದಿಲ್ಲ ಎಂದು ಗೊತ್ತಿದ್ದರೆ ಮಾತ್ರ ಅವಳು ನಿಜ ಹೇಳುತ್ತಾಳೆ. ನಾನು ಆ 6,000ದ ವಿಷಯವನ್ನು ಮನೆಯಲ್ಲಿ ಒಂದು ವರ್ಷ ಬಾಯಿ ಬಿಡಲಿಲ್ಲ.

ಹಿರಿಯ ಓದುಗರು, ರಾಣೆಬೆನ್ನೂರು ತಾಲ್ಲೂಕು

ತಂಗೀ, ಮೊಮ್ಮಗಳು ಓದಿ ಹೇಳಿದಳು, ನಾನು ಹೇಳಿದ್ದನ್ನು ಅವಳೇ ಬರೆಯುತ್ತಿದ್ದಾಳೆ. ಈ ಮಾತು ನಿನ್ನ ಅತ್ತೆಯವರಿಗೆ.

ಅವ್ವಾ, ನಿಮ್ಮ ಮಗ ಕೂಸಾಗಿದ್ದಾಗ ನೀವೂ ಒಂದು ಹಿಡಿ ಉಪ್ಪು, ಮೂರು ಒಣಮೆಣಸಿನಕಾಯಿ, ಕಸಬರಿಗೆಯ ಕಡ್ಡಿ ಮುಷ್ಟಿಯಲ್ಲಿ ಹಿಡಿದು ಮೂರು ಸಲ ನಿವಾಳಿಸಿ ಒಲೆಗೆ ಹಾಕಿರುತ್ತೀರಿ. ಘಾಟು ಬಾರದಿದ್ದರೆ ‘ನೋಡು, ಎಷ್ಟು ದೃಷ್ಟಿಯಾಗಿತ್ತು’ ಎಂದಿರುತ್ತೀರಿ. ನಾನು ಐದು ಮಕ್ಕಳಿಗೆ, ಹನ್ನೊಂದು ಮೊಮ್ಮಕ್ಕಳಿಗೆ ತೆಗೆದಿದ್ದೇನೆ. ನನ್ನನ್ನು ಯಾರೂ ಮಾಟದವಳು ಎನ್ನಲಿಲ್ಲ, ಅಜ್ಜಿ ಎಂದರು. ಆ ಹುಡುಗಿಯ ಬಟ್ಟಲಲ್ಲಿರುವುದೂ ಅಡುಗೆ ಮನೆಯ ಉಪ್ಪೇ. ಅದು ಯಾತಕ್ಕೆಂದು ಅವಳನ್ನು ಕೇಳಿದ್ದೀರಾ? ಕೇಳಿ. ನೀವು ದೃಷ್ಟಿ ತೆಗೆಯುವ ರೀತಿಯನ್ನು ಅವಳಿಗೂ ಹೇಳಿಕೊಡಿ, ಆ ಕಾಲದಲ್ಲಿ ನಮಗೆ ಯಾರು ಹೇಳಿಕೊಟ್ಟರು ಎಂಬುದನ್ನೂ ಹೇಳಿ.

ತಂಗೀ, ಇವತ್ತು ರಾತ್ರಿ ಅತ್ತೆಯವರ ತಾಟಿಗೆ ನಿನ್ನ ಮಗಳೇ ಬಡಿಸಲಿ. ಬಿಸಿ ರೊಟ್ಟಿಯನ್ನು ಮೊಮ್ಮಗಳು ಎದುರಿಗೆ ಕೂತು ಹಾಕಿದರೆ ಯಾವ ಅಜ್ಜಿಯೂ ತಾಟು ಸರಿಸುವುದಿಲ್ಲ.